ಅರ್ಧ ವೇಗ

ಕೋರ್ಟಿನೆದುರು ನನ್ನ ಜೆರಾಕ್ಸ್ ಅಂಗಡಿ.
ಹದಿನೇಳು ವರ್ಷದಿಂದ ಅರ್ಜಿ, ಅಫಿಡವಿಟ್ಟು, ಖಾತೆ ನಕಲು.
ಯಾರೋ ಪೆನ್‌ಡ್ರೈವ್ ಕೊಡುತ್ತಾರೆ, ತೆರೆದರೆ
ನುಡಿಯಲ್ಲಿ ಬರೆದದ್ದು ಬೇರೆ ಫಾಂಟಿನಲ್ಲಿ ಬಿಚ್ಚಿಕೊಂಡು
ತಲೆ ಮೇಲೆ ಕಡ್ಡಿ ಬಿದ್ದ ಎಗಳು, ಪೌಂಡಿನ ಗುರುತು, ಒಂಟಿ ಪಿ.
"ಅಯ್ಯೋ, ನನ್ನ ಕ್ರಯಪತ್ರ ಹಾಳಾಯ್ತಾ ಮೇಡಂ?"
ಇಲ್ಲ ಮಾರಾಯ್ರೆ, ಎಲ್ಲ ಒಳಗೇ ಇದೆ,
ವೇಷ ತಪ್ಪಿದೆ ಅಷ್ಟೆ.
ನಾನದನ್ನು ಹಾಗೇ ಓದಬಲ್ಲೆ.
ಪಿ ಅಂದರೆ ಕ, ಆ ಪೌಂಡು ನಮ್ಮ ನ.

ಇಮ್ದಾದ್ ಸಂಜೆ ಕೆಲಸಕ್ಕೆ ಸೇರಿದ್ದು ಯುಗಾದಿ ಕಳೆದ ಮೇಲೆ.
ಅವನಪ್ಪ ಆಟೊ ಕಾಂಪ್ಲೆಕ್ಸಿನಲ್ಲಿ ಕಾರ್ಬೊರೇಟರ್ ತೊಳೆಯುತ್ತಾರೆ.
ಮಾಮೂ ದಮ್ಮಾಮಿನಿಂದ ತಂದ ಆಟದ ಪೆಟ್ಟಿಗೆ
ಕಣ್ಣು ಹೋಗಿ ಕೂತಿದೆಯಂತೆ ಮನೆಯಲ್ಲಿ,
ತಟ್ಟೆ ಗಿರ್ರೆನ್ನುತ್ತದೆ, ಲೆನ್ಸು ಓದುವುದಿಲ್ಲ.
"ಅಕ್ಕ, ಎಂಟರ ಮೇಲೆ ಈ ಪೀಸಿಗೆ ಎಮ್ಯುಲೇಟರ್ ಹಾಕ್ಲಾ?"
ಅಂದರೇನೋ?
"ಒಂದು ಮೆಷಿನ್ನು ಇನ್ನೊಂದು ಮೆಷಿನ್ನಾಗಿ ನಟಿಸೋದು."
ಹಗಲುವೇಷ ಅನ್ನು.
"ಅದೇ. ಆಟಕ್ಕೆ ಗೊತ್ತಾಗಬಾರದು."

ಗೊತ್ತಾಗುತ್ತಿತ್ತು ಅಂತ ನನ್ನ ಗುಮಾನಿ.
ಈ ಪೀಸಿ ಏನು ಮಹಾ, ನಾಲ್ಕು ಜಿಬಿ ರ್‍ಯಾಮು,
ಮದುವೆ ಕಾರ್ಡಿನ ಗಣಪತಿಯನ್ನು ದೊಡ್ಡದು ಮಾಡಲೂ ತಿಣುಕುವಂಥದು.
ಸೆಕೆಂಡಿಗೆ ಅರವತ್ತು ಚಿತ್ರ ಬೇಕಾದಲ್ಲಿ
ಇಪ್ಪತ್ತೆಂಟು, ಇಪ್ಪತ್ತೊಂಬತ್ತು, ಮತ್ತೆ ಇಪ್ಪತ್ತೆಂಟು,
ಮೂಲೆಯಲ್ಲಿ ಹಸಿರು ಅಂಕಿ, ಆಸ್ಪತ್ರೆಯ ಜ್ವರದ ಚೀಟಿಯಂತೆ.
ಇಮ್ದಾದ್ ರಫ್ ನೋಟ್‌ಬುಕ್ಕಿನ ಹಿಂದೆ ಬರೆದಿಡುತ್ತಿದ್ದ:
ಕಾರಿನ ಆಟ, ಮೆನುವರೆಗೆ.
ಕುಸ್ತಿ, ಓಡುತ್ತೆ, ಮುಖ ಇಲ್ಲ.
ಕತ್ತಿಯವನು, ಮೂರನೇ ಬಾಗಿಲಲ್ಲಿ ಸಾಯುತ್ತೆ.
ದೋಣಿ, ಆಡಬಹುದು, ತಾಳ್ಮೆ ಇದ್ದರೆ.

ತಾಳ್ಮೆ ನನಗಿತ್ತು.
ಎಂಟರಿಂದ ಒಂಬತ್ತೂವರೆ, ಶಟರು ಅರ್ಧ ಎಳೆದು,
ಆ ದೋಣಿ ನನ್ನದು.
ಒಬ್ಬ ಮುದುಕಿ ಹುಟ್ಟು ಹಾಕುತ್ತಾಳೆ. ಕೆಳಗೆ ಕಪ್ಪು, ಸುತ್ತ ಕಪ್ಪು,
ಬಲೆ ಬೀಸಿದರೆ ಕತ್ತಲೊಳಗಿಂದ ಮೀನು.
ಎಂಥ ಧೈರ್ಯ ಈ ಜಪಾನಿನವರದು ಅಂದುಕೊಂಡೆ,
ಏನೂ ಇಲ್ಲದ ಕಡೆ ದೋಣಿ ಬಿಡುವುದು!
ಹಿಂದೊಂದು ರಾಗ, ಮೊಣಕಾಲು ನೋವಿದ್ದವರು
ಮೆಟ್ಟಿಲಿಳಿದ ಹಾಗೆ ಒಂದೊಂದೇ ಸ್ವರ,
ಎರಡು ಕಡೆ ಉಸಿರು ಕಟ್ಟಿ ನಿಂತು, ಮತ್ತೆ ಮುಂದೆ.
ಮನೆಗೆ ಹೋಗುವಾಗ ತುಂಗೆಯ ಸೇತುವೆ ಮೇಲೆ
ಅದನ್ನೇ ಗುನುಗುತ್ತ ಸ್ಕೂಟಿ ನಿಧಾನವಾಗಿ
ಹಿಂದಿನ ಲಾರಿಯವನಿಂದ ಬೈಸಿಕೊಂಡದ್ದೂ ಇದೆ.

ಆಯುಧಪೂಜೆಯ ಮಾರನೇ ದಿನ
ಕೀಬೋರ್ಡಿನ ಕುಂಕುಮ ಒರೆಸಿ
ಸೆಕೆಂಡ್‌ಹ್ಯಾಂಡ್ ಗ್ರಾಫಿಕ್ಸ್ ಕಾರ್ಡು ಕೂರಿಸಿದ.
ಸೆಟ್ಟಿಂಗಿನಲ್ಲಿ ಯಾವುದೋ ಒಂದು ಟಿಕ್ಕು ತೆಗೆದ.

ಕಡಲು ಬಂತು.

ನೀಲಿ, ನೊರೆ, ದೂರದಲ್ಲೊಂದು ದೀಪದ ಕಂಬ,
ದೋಣಿಯ ನೆರಳು ನೀರಲ್ಲಿ ತಲೆಕೆಳಗು.
ಆರು ತಿಂಗಳು ನಾನು ಇದರ ಮೇಲೆಯೇ ಓಡಾಡಿದ್ದೆ.
ಆಮೇಲೆ ರಾಗ ಶುರುವಾಯಿತು. ರಾಮ ರಾಮ, ಅದು ಕುಣಿತ!
ಊಟದ ಹೊತ್ತು ಮೀರಿದ ಬ್ಯಾಂಡ್‌ಸೆಟ್ಟಿನವರು ಮುಗಿಸಿಬಿಡುವ ಅವಸರ.
ಅವಳು ಮುದುಕಿಯೂ ಅಲ್ಲ.
ಇಪ್ಪತ್ತರ ಹುಡುಗಿ, ಚಟಚಟನೆ ಹುಟ್ಟು ಹಾಕುವವಳು.
ಕೈ ತಡವಾಗಿ ಏಳುತ್ತಿದ್ದದ್ದಕ್ಕೆ
ನಾನೇ ವಯಸ್ಸು ಕೊಟ್ಟುಬಿಟ್ಟಿದ್ದೆ.

"ಇದೇ ಸರಿಯಾದ ಸ್ಪೀಡು ಅಕ್ಕ. ಮಾಡಿದವರು ಮಾಡಿದ್ದೇ ಹೀಗೆ."
ಇರಬಹುದು.
ಮೊದಲ ಸುಳಿಯಲ್ಲೇ ಮೂರು ಸಲ ಮುಳುಗಿದೆ.
ನೀರು ಇರಲಿ, ವೇಗ ಮಾತ್ರ ಇಳಿಸೋಕಾಗುತ್ತಾ, ಕೇಳಿದೆ.
ನಕ್ಕ. ಆದರೂ ಒಂದು ಖಾನೆಯಲ್ಲಿ ಐವತ್ತು ಅಂತ ಒತ್ತಿದ.
ರಾಗ ಇಳಿಯಿತು. ಆದರೆ ಬಹಳ ಸಮ.
ಉಸಿರು ಕಟ್ಟುತ್ತಿದ್ದ ಆ ಎರಡು ಜಾಗ ಎಲ್ಲೂ ಇಲ್ಲ.
ಅವನು ನೋಟ್‌ಬುಕ್ಕಿನಲ್ಲಿ ತಾಳ್ಮೆ ಹೊಡೆದು ಹಾಕಿ
'ಪೂರ್ತಿ ಓಡುತ್ತೆ' ಅಂತ ಬರೆದ, ಕೆಳಗೆರಡು ಗೆರೆ ಎಳೆದ.

ಬೆಳಿಗ್ಗೆ ಹೊಸನಗರದಿಂದ ಬಂದವರ ಪೆನ್‌ಡ್ರೈವು.
ತೆರೆದೆ. ಕಡ್ಡಿ ಬಿದ್ದ ಎಗಳು, ಪೌಂಡು, ಪಿ.
"ಏನಾಯ್ತು ಮೇಡಂ?"
ಏನಿಲ್ಲ, ಬರ್ತಾ ಇದೆ, ಕೂತ್ಕೊಳ್ಳಿ.
ಫಾಂಟು ಬದಲಿಸುವ ಮೊದಲು
ಇದ್ದ ಹಾಗೇ ಒಮ್ಮೆ ಓದಿಕೊಂಡೆ,
ತಡೆಯುವಲ್ಲಿ ತಡೆದು.