ಅರ್ಕಾವೊತ್ತು

ಜಿಲ್ಲೆಯಾದ ವರ್ಷ
ಪೇಂಟರ್ ಬುಡೇನ್ ಸಾಬರಿಗೆ ಕೈತುಂಬ ಕೆಲಸ.
ಶಾಲೆ, ಸೊಸೈಟಿ, ದನದ ಆಸ್ಪತ್ರೆ,
ಬೋರ್ಡು ಬೋರ್ಡಿನ ಮೇಲೂ
ಚಿತ್ರದುರ್ಗವನ್ನು ಬಿಳಿಯಲ್ಲಿ ಮುಳುಗಿಸಿ
ದಾವಣಗೆರೆ ಎಂದು ಬರೆದರು.
ಅಳಿಸಿದ್ದೂ ಅವರದೇ ಕೈಬರಹ.
ಡಬ್ಬಿ ಹಿಡಿಯಲು ನಾನು:
ದಿನಕ್ಕೆ ಐದು ರೂಪಾಯಿ, ಒಂದು ಪೊಟ್ಟಣ ಮಂಡಕ್ಕಿ.

"ಒಂದು ಕೋಟು ಸಾಲದಲೇ,
ಹಳೇದು ಗಟ್ಟಿ. ಇಣುಕ್ತದೆ."

ಆಮೇಲೆ ಊರು ಓಡಿತು.
ಗಿರಣಿಯ ಸೈರನ್ ನಿಂತಲ್ಲಿ ಬಡಾವಣೆ,
ಬಡಾವಣೆ ಮುಗಿದಲ್ಲಿ ಅದರದೇ ಎರಡನೇ ಹಂತ,
ಭತ್ತದ ಗದ್ದೆಗೆ ಬಿ ಬ್ಲಾಕೆಂದು ನಾಮಕರಣ.
ಬೋರ್ಡುಗಳು ಫ್ಲೆಕ್ಸಾದವು.
ಸಾಬರ ಕುಂಚಗಳು ಸೀಮೆಎಣ್ಣೆ ಡಬ್ಬಿಯಲ್ಲೇ ಗಟ್ಟಿಯಾದವು.

ಮೊನ್ನೆ ಅದೇ ಶಾಲೆಯಲ್ಲಿ ವಾರ್ಡ್ ಸಭೆ.
ನೀರು ನಾಲ್ಕು ದಿನಕ್ಕೋ ಎಂಟು ದಿನಕ್ಕೋ ಎಂದು ಜಗಳ.
ಹಾಲಮ್ಮ ಮೈಕು ಕಿತ್ತುಕೊಂಡಳು:
"ನಮ್ದು ಯಾವ ವಾರ್ಡು, ಮೊದ್ಲು ಅದನ್ ಹೇಳ್ರಿ.
ಮೂರು ಎಲೆಕ್ಷನ್ನು, ಮೂರು ನಂಬರು,
ನಲ್ಲಿ ಮಾತ್ರ ಅದೇ!"
ಯಾರೋ ನಕ್ಕರು.
ಅಧಿಕಾರಿ ಏನೋ ಬರೆದುಕೊಂಡರು.

ಹೊರಗೆ ಮಳೆ. ಛತ್ರಿ ಬಿಚ್ಚುತ್ತ ತಲೆಯೆತ್ತಿದರೆ
ಫ್ಲೆಕ್ಸು ಹರಿದ ಕಡೆ ಹಳೇ ತಗಡು.
ದಾವಣಗೆರೆಯ 'ಗೆ' ಪಕ್ಕದಲ್ಲಿ,
ಬಿಳಿ ಉದುರಿದ ತೂತಿನಿಂದ
ದುರ್ಗದ ಒಂದು ಅರ್ಕಾವೊತ್ತು
ಕತ್ತು ಹೊರಹಾಕಿ
ಮಳೆ ನಿಂತಿತೇ ಎಂದು ನೋಡುತ್ತಿತ್ತು.