ಎದುರಾಳಿಯ ಲಕೋಟೆ

ಕೋಲ್ಡ್ ಫೋರ್ಕಿನ ಅಂಚೆಮನೆಯೆಂದರೆ
ನನ್ನ ಹಿಟ್ಟಿನ ಅಂಗಡಿಯ ಒಂದು ಮೂಲೆ.
ಹದಿನಾರು ಗೂಡಿನ ಹಲಗೆ, ತಕ್ಕಡಿ,
ಹೆಪ್ಪುಗಟ್ಟದಿರಲೆಂದು ಒಲೆಯ ಬದಿಗಿಟ್ಟ ಶಾಯಿಕುಡಿಕೆ.
ಗಂಡ ಗಣಿಯೊಳಗೇ ಉಳಿದ ವರ್ಷ
ಸರಕಾರ ನನಗೊಂದು ಮೊಹರು ಕೊಟ್ಟಿತು.
ಹಿಟ್ಟು ತೂಗುವ ಕೈಯೇ ಕಾಗದವನ್ನೂ ತೂಗಿತು.

ಬೆಟ್ಟ ಹತ್ತಿ ಇಳಿದರೆ ರೈಲು ನಿಲ್ಲುವ ಊರು,
ನಡುವೆ ಇಪ್ಪತ್ತೆಂಟು ಮೈಲಿ.
ಆ ದಾರಿ ಸವೆಸಿದವರು ಯೂಟ್ ಜನ;
ಅವರನ್ನು ಪಡುವಣಕ್ಕೆ ಅಟ್ಟಿ
ನಾವದಕ್ಕೊಂದು ನಂಬರು ಕೊಟ್ಟೆವು.

ಹಿಮ ಬಿದ್ದ ಮೇಲೆ ದಾಟುವವರು ಇಬ್ಬರೇ.
ಸಿಪ್ರಿಯಾನೊ ಲುಹಾನನಿಗೆ ಎರಡು ಹೇಸರಗತ್ತೆ:
ಒಂದು ನಡೆಯುವುದು ಬೈಗುಳಕ್ಕೆ,
ಇನ್ನೊಂದು ಜಪಮಾಲೆಗೆ.
ಹಾಲ್ವೋರ್ ನೈಗಾರ್ಡನಿಗೆ ಹನ್ನೊಂದಡಿಯ ಜಾರುಹಲಗೆ,
ಒಂದೇ ಕೋಲು, ಮೀಸೆಯ ತುಂಬ ಮಂಜು;
ಏರಲು ಒಂದು ಹಗಲು,
ಇಳಿಯಲು ಒಂದು ಪೈಪು ತಂಬಾಕು.
ಮಾತಿಲ್ಲ, ಕತೆಯಿಲ್ಲ.
ಒಬ್ಬ ಬಾಗಿಲಲ್ಲಿ ಬಂದರೆ ಇನ್ನೊಬ್ಬ ಹಿತ್ತಿಲಲ್ಲಿ ಹೊರಟ.

ನಾಲ್ಕು ವರ್ಷಕ್ಕೊಮ್ಮೆ ಗುತ್ತಿಗೆ.
ಈ ಬೆಟ್ಟವನ್ನೇ ಕಾಣದ ಯಾರೋ ವಾಷಿಂಗ್ಟನ್ನಿನಲ್ಲಿ
ಚಿಕ್ಕ ಅಂಕಿಯ ಮೇಲೆ ಬೆರಳಿಡುತ್ತಾನೆ.

ಎಂಬತ್ತೆರಡರ ಜನವರಿ. ಚೀಲ ಹಾಲ್ವೋರನ ಹೆಗಲಲ್ಲಿ.
ಸಿಪ್ರಿಯಾನೊ ಕೆಂಪು ಅರಗಿನ ಲಕೋಟೆ ತಂದಿಟ್ಟ.
"ಇದನ್ನು ಒಯ್ಯುವವರು ಯಾರು?" ಎಂದ, ಗೊತ್ತಿದ್ದೂ.
ಅರ್ಧ ಔನ್ಸು. ಮೂರು ಸೆಂಟು.
ಮೊಹರು ಒತ್ತುವಾಗ ನನ್ನ ಕೈ ಒಮ್ಮೆ ತಡೆಯಿತು.

ಬೆಳಗಿನ ಜಾವ ಹಾಲ್ವೋರ್ ಬಂದಾಗ
ಅದನ್ನು ಕಟ್ಟಿನ ನಡುವೆ ತುರುಕಿದೆ. ಅವನು ನೋಡಿದ.
ಬೀಗ ಹಾಕುವ ಮೊದಲು ಇಷ್ಟೇ ಅಂದ:
"ಅರಗು ಬಿರಿಯುತ್ತೆ ಈ ಚಳಿಗೆ.
ಎಣ್ಣೆಬಟ್ಟೆ ಸುತ್ತಿಕೊಡು."

ಮೂರು ದಿನ ಬಿರುಗಾಳಿ.
ಕಣಿವೆಗೆ ಬಿದ್ದಿತೆಂದರೆ ಕೇಳುವವರಾರು?
ನಾಲ್ಕನೆಯ ದಿನ ಆಚೆ ಊರಿನಲ್ಲಿ
ಚೀಲ ಒಣಗಿಯೇ ಇಳಿಯಿತು;
ಎರಡು ಕಾಲ್ಬೆರಳು ಮಾತ್ರ ಇಕ್ಕುಳಕ್ಕೆ ಹೋದವು.
ಗುತ್ತಿಗೆ ಹನ್ನೊಂದು ಡಾಲರಿನಿಂದ ತಪ್ಪಿತು.
ಕಾಲ ಮೇಲೆ ತಾನೇ ಚಪ್ಪಡಿ ಎಳೆದುಕೊಂಡನೆಂದು
ಗಣಿಯವರು ನಕ್ಕರು. ನಕ್ಕವರ ಕಾಗದಗಳೂ
ಅದೇ ಚೀಲದಲ್ಲಿದ್ದವು.

ಮತ್ತೆ ನಾಲ್ಕು ವರ್ಷ. ಈ ಸಲ ಲಕೋಟೆ ಹಾಲ್ವೋರನದು,
ಚೀಲ ಸಿಪ್ರಿಯಾನೊನದು.
ಯಾವ ಗತ್ತೆಯ ಮೇಲೆ ಹೇರುತ್ತಾನೋ ಎಂದು
ಕಿಟಕಿಯ ಮಂಜು ಒರೆಸಿ ನೋಡಿದೆ.
ಜಪಮಾಲೆಯದರ ಮೇಲೆ.

ಉತ್ತರ ಬಂತು, ಎರಡೇ ಸಾಲು:
ಹಳಿ ಬರುತ್ತಿದೆ, ದಾರಿ ರದ್ದು.
ಇಬ್ಬರಿಗೂ ಒಂದೇ ಮಾತು, ಎರಡು ಪ್ರತಿ.
ಹೊತ್ತು ತಂದವನು ಸಿಪ್ರಿಯಾನೊ;
ಗೂಡಿನಲ್ಲಿ ಅಕ್ಕಪಕ್ಕ ಇಟ್ಟವಳು ನಾನು.

ಮೊದಲ ರೈಲು ನಮ್ಮೂರಿನಲ್ಲಿ ನಿಲ್ಲಲಿಲ್ಲ.
ಓಡುತ್ತಲೇ ಚೀಲ ಎಸೆಯಿತು,
ಗಾಲಿಯ ಗಾಳಿ ಅದನ್ನು ಒಳಕ್ಕೆಳೆದು ಹರಿಯಿತು.
ಕಾಗದಗಳು ಮುಳ್ಳುಗಂಟಿಯ ಬಯಲಿಗೆ ಹಾರಿದವು.
ಸುಮ್ಮನೆ ನೋಡಲು ಬಂದಿದ್ದರಂತೆ ಇಬ್ಬರೂ.
ಓಡಿದರು. ಒಬ್ಬ ಕುಂಟುತ್ತ,
ಒಬ್ಬ ಟೋಪಿಯನ್ನೇ ಬುಟ್ಟಿ ಮಾಡಿಕೊಂಡು.

ನನ್ನ ಹಿಟ್ಟಿನ ಹಲಗೆಯ ಮೇಲೆ ಎಣಿಸಿದೆವು.
ಸಿಪ್ರಿಯಾನೊ ನಲವತ್ತೊಂದು,
ಹಾಲ್ವೋರ್ ಮೂವತ್ತೆಂಟು.
ಚೀಲದ ಚೀಟಿಯಲ್ಲಿ ಎಂಬತ್ತೆರಡು.
"ಆ ಮೂರೂ ನನ್ನವು," ಎಂದು
ಹಾಲ್ವೋರ್ ಲಾಟೀನು ಹಿಡಿದು ಹೊರಟ.

ಸಿಪ್ರಿಯಾನೊ ಕೂತ. ಎದ್ದ. ಮತ್ತೆ ಕೂತ.
"ಸೋಲು ಒಪ್ಪದ ಮುದುಕ" ಎಂದು ಒಲೆಗೆ ಹೇಳಿ
ಇನ್ನೊಂದು ಲಾಟೀನು ಕೇಳಿದ.

ಬಯಲಿನಲ್ಲಿ ಎರಡು ದೀಪ.
ದೂರ ದೂರ, ಮತ್ತೆ ಹತ್ತಿರ,
ಒಂದೇ ಗಿಡದ ಬಳಿ ಬಂದಾಗ ಸ್ವಲ್ಪ ಹೊತ್ತು ನಿಂತವು.
ಏನು ಮಾತಾಡಿದರೋ, ಬೈದರೋ.
ನಾನು ಒಲೆಗೆ ಇನ್ನೆರಡು ಕೊರಡು ಹಾಕಿದೆ.
ಮೊಹರಿನ ತಾರೀಖು ಇನ್ನೂ ತಿರುಗಿಸಿರಲಿಲ್ಲ.