ಉಣ್ಣೆ

ಕೋರ್ಚಾದ ಹಳೇ ಪೇಟೆಯಲ್ಲಿ ಇಂಟರ್‌ನೆಟ್ ಕೆಫೆಯೊಂದು ಮುಚ್ಚಿತು.
ಅಲ್ಲಿಯ ಏಳನೇ ನಂಬರಿನ ಕಂಪ್ಯೂಟರನ್ನು
ಎರಡು ಟಗರಿನ ಬೆಲೆಗೆ ಕೊಂಡು ತಂದೆ.
ಕೀಲಿಮಣೆಯಲ್ಲಿ ನಾಲ್ಕೇ ಅಕ್ಷರ ಸವೆದಿದ್ದವು:
ಮುಂದಕ್ಕೊಂದು, ಹಿಂದಕ್ಕೊಂದು, ಎಡಕ್ಕೆ, ಬಲಕ್ಕೆ.
ಯಾರೋ ಹುಡುಗರು ವರ್ಷಗಟ್ಟಲೆ ಓಡಿದ್ದಾರೆ
ಕುರ್ಚಿ ಬಿಟ್ಟೇಳದೆ.

ನನ್ನದು ಪಶು ಆಸ್ಪತ್ರೆ. ಲಸಿಕೆಯ ಲೆಕ್ಕ,
ಕುರಿಗಳ ಕಿವಿಬಿಲ್ಲೆಯ ನಂಬರು,
ಎಕ್ಸ್-ರೇ ನೋಡಲೊಂದು ಪರದೆ, ಇಷ್ಟೇ ಬೇಕಿದ್ದುದು.
ಆದರೆ ವಿಂಡೋಸ್ ಕಣ್ಣುಜ್ಜಿಕೊಂಡು ಏಳುವಷ್ಟರಲ್ಲೇ
ಕೆಂಪು ಗುರಾಣಿಯೊಂದು ಅಡ್ಡ ನಿಲ್ಲುತ್ತಿತ್ತು:
"ಬಾ ವೀರ, ನಿನಗೇ ಕಾದಿದ್ದೆವು."
ಥಿಮಾಚನ ನಾಯಿಯ ಮುರಿದ ತೊಡೆಮೂಳೆ ನೋಡುವಾಗ
ಮೂಲೆಯಿಂದ ಇಣುಕಿತು:
ಹೊಸ ಕತ್ತಿ, ಅರ್ಧ ಬೆಲೆ, ಇವತ್ತು ರಾತ್ರಿವರೆಗೆ ಮಾತ್ರ.
ಥಿಮಾಚ್ ಟೋಪಿ ತೆಗೆದು ಮೆಲ್ಲಗೆ ಕೇಳಿದ,
"ಡಾಕ್ಟರೇ, ಅದೂ ಮೂಳೆಯೊಳಗೇ ಇದೆಯಾ?"

ಉಣ್ಣೆ ಕೀಳುವುದು ನನಗೆ ಗೊತ್ತು.
ಉಣ್ಣೆಯೊಳಗೆ ಉಣ್ಣೆ:
ಒಂದು ಕುರಿಯದು,
ಇನ್ನೊಂದು ಕುರಿಯೇ ತನ್ನದು ಅನ್ನುವುದು.
ಸುಮ್ಮನೆ ಎಳೆದರೆ ಹೊಟ್ಟೆ ಕೈಗೆ ಬರುತ್ತದೆ,
ತಲೆ ಚರ್ಮದಲ್ಲೇ ಉಳಿಯುತ್ತದೆ.
ಫ್ಲುತುರಾ ಅದನ್ನೇ ಮಾಡಿದ್ದಳು, ಪರದೆಯ ಗುರಾಣಿಯನ್ನು
ಕಸದ ಬುಟ್ಟಿಗೆ ಎಳೆದುಹಾಕಿ ಕೈ ಒರೆಸಿಕೊಂಡಿದ್ದಳು.
ಬೆಳಿಗ್ಗೆ ಮತ್ತದೇ ವೀರ, ಮತ್ತದೇ ಕಾಯುವಿಕೆ.
ಹೋದೆಯಾ ಪಿಶಾಚಿ ಅಂದರೆ ಬಂದೆ ಗವಾಕ್ಷೀಲಿ.
ಇದರ ಹೆಸರೇ ಕಿಟಕಿಗಳು, ಯಾವುದನ್ನಂತ ಮುಚ್ಚಲಿ?

ಭಾನುವಾರ, ಹೊರಗೆ ಹಿಮ,
ಕುರ್ಚಿಯನ್ನು ಒಲೆಯ ಹತ್ತಿರ ಎಳೆದುಕೊಂಡೆ.
ಗಡಿಯಾರದ ಪಕ್ಕದ ಪುಟ್ಟ ಬಾಣದಡಿ ಅಡಗಿದ್ದನ್ನು
ಮೊದಲು ಹಿಡಿದು ನಿಲ್ಲಿಸಿದೆ.
ಟಾಸ್ಕ್ ಮ್ಯಾನೇಜರಿನಲ್ಲಿ ಮೂರು ಹೆಸರಿಟ್ಟುಕೊಂಡು ಉಸಿರಾಡುತ್ತಿತ್ತು.
ಮೂರನ್ನೂ.
ಆಮೇಲೆ ಸೆಟ್ಟಿಂಗ್ಸ್, ಆಪ್‌ಗಳ ಪಟ್ಟಿ, ಅನ್‌ಇನ್‌ಸ್ಟಾಲ್.
ಖಚಿತವೇ? ಎಂದಿತು. ಖಚಿತ.
ಏಕೆ ಬಿಟ್ಟು ಹೋಗುತ್ತಿದ್ದೀರಿ?
ಹೋಗುತ್ತಿರುವುದು ನಾನಲ್ಲ ಮಾರಾಯ, ನೀನು.
ಕೊಟ್ಟಿದ್ದ ಐದು ಉತ್ತರಗಳಲ್ಲಿ ಅದಿರಲಿಲ್ಲ.
ಮೂವತ್ತು ವರ್ಷದಲ್ಲಿ ಯಾವ ಉಣ್ಣೆಯೂ
ನನ್ನನ್ನು ಕಾರಣ ಕೇಳಿಲ್ಲ.

ಹೊಟ್ಟೆ ಬಂತು. ಇನ್ನು ತಲೆ.
ಅಡಗಿಸಿಟ್ಟಿದ್ದನ್ನೂ ತೋರಿಸು ಎಂದು ಗುರುತು ಹಾಕಿದೆ.
ಮಸುಕು ಫೋಲ್ಡರುಗಳು ಮೇಲೆದ್ದವು,
ರೋಮ ಬೋಳಿಸಿದಾಗ ಚರ್ಮ ಕಾಣುವ ಹಾಗೆ.
ಪ್ರೋಗ್ರಾಂ ಫೈಲ್ಸ್‌ನಲ್ಲೊಂದು, ಪ್ರೋಗ್ರಾಂ ಡೇಟಾದಲ್ಲೊಂದು,
ಆಪ್‌ಡೇಟಾದ ಕಂಕುಳಲ್ಲಿ ಎರಡು.
ಕಿವಿಯ ಹಿಂದೆ, ಬಾಲದಡಿ, ಬೆರಳ ಸಂದಿಯಲ್ಲಿ,
ಎಲ್ಲಿರುತ್ತವೋ ಅಲ್ಲೇ ಇದ್ದವು.
ಟಾಸ್ಕ್ ಶೆಡ್ಯೂಲರಿನಲ್ಲಿ ಒಂದು ಅಪ್ಪಣೆ ಸಿಕ್ಕಿತು:
ದಿನಾ ಬೆಳಗಿನ ಜಾವ ಮೂರಕ್ಕೆ ಎದ್ದು
ತನ್ನನ್ನು ತಾನೇ ಕರೆದುಕೊಂಡು ಬರುವುದು.
ಅಳಿಸಿದೆ.
ರಿಜಿಸ್ಟ್ರಿಗೆ ಕೈ ಹಾಕುವ ಮುಂಚೆ ಪ್ರತಿ ತೆಗೆದಿಟ್ಟೆ.
ನರದ ಹತ್ತಿರ ಕತ್ತರಿ ಹೋಗುವಾಗ
ಕೈಗೆ ಕೊಂಚ ಭಯವಿರಬೇಕು.

ಕೊನೆಯ ಫೋಲ್ಡರಿನಲ್ಲಿ ಒಂದೇ ಒಂದು ಚಿತ್ರ:
ಏಳನೇ ನಂಬರಿನ ವೀರ, ಕತ್ತಿ ಬದಿಗಿಟ್ಟು
ಹೊಳೆಯಂಚಿನಲ್ಲಿ ಕುದುರೆಗೆ ನೀರು ಕುಡಿಸುತ್ತಿದ್ದಾನೆ.
ಯುದ್ಧವಿಲ್ಲ, ಅಂಕವಿಲ್ಲ.
ಎಡ ಮುಂಗಾಲಿಗೆ ಭಾರ ಬಿಡುತ್ತಿಲ್ಲವೇನೋ ಕುದುರೆ
ಅನ್ನಿಸಿ, ಹತ್ತಿರ ಬಗ್ಗಿ ನೋಡಿದೆ.
ಅದನ್ನೂ ಅಳಿಸಿದೆ.
ಬುಟ್ಟಿ ಬರಿದು ಮಾಡಿ ಮತ್ತೆ ಚಾಲೂ ಮಾಡಿದೆ.

ಈಗ ಯಾರೂ ವೀರರಿಲ್ಲ. ಲಸಿಕೆಯ ಪಟ್ಟಿ ತೆರೆಯುತ್ತದೆ, ಅಷ್ಟೇ.
ನನ್ನ ಬೆರಳು ಮಾತ್ರ ಎರಡು ವಾರವಾದರೂ
ಬಲಮೂಲೆಗೆ ಹೋಗುತ್ತದೆ,
ಇಲ್ಲದ್ದನ್ನು ಮುಚ್ಚಲಿಕ್ಕೆ.

ನಿನ್ನೆ ಥಿಮಾಚ್ ನಾಯಿಯನ್ನು ತಂದಿದ್ದ.
ಹೋದ ತಿಂಗಳು ಉಣ್ಣೆ ಕಿತ್ತ ಕಿವಿಯ ಮೇಲೆ
ಗಾಯ ಮಾಯ್ದು ಹೊಸ ರೋಮ ಬಂದಿದೆ.
ಆದರೂ ಕೆರೆಯಲು ಹಿಂಗಾಲೆತ್ತಿತು.
ಆ ಕಾಲೇ ಪಟ್ಟಿಯೊಳಗಿತ್ತು, ಕಿವಿಗೆ ಎಟುಕಲಿಲ್ಲ.
ಗಾಳಿಯನ್ನೇ ಕೆರೆಯಿತು ಬಹಳ ಹೊತ್ತು,
ಕಣ್ಣು ಮುಚ್ಚಿಕೊಂಡು, ಸುಖವಾಗಿ.